ಹಸಿಮೀನಿನ ಟೀಚರು

ಆಗ ನನಗೆ ಅರವತ್ತೇಳು. ಅದಾಗಿ ಈಗ ಏಳು ವರ್ಷ. ಆ ಹೆಂಗಸು ಸತ್ತಳೆಂದು ಮೊನ್ನೆ ಮಗಳು ಒಮಾನಿನ ಖಸಬಿನಿಂದ ಫೋನ್ ಮಾಡಿ ಅತ್ತಳು. ನಾನು ಅಳಲಿಲ್ಲ. ಸತ್ತವರ ಮೇಲೆ ಕೆಟ್ಟ ಮಾತು ಆಡಬಾರದಂತೆ. ಹಾಗೆ ಹೇಳುವವರು ಅವಳ ಎದುರು ಮೂರು ದಿನ ನಿಂತವರಲ್ಲ.

"ಅಮ್ಮ, ಅವರ ಬಗ್ಗೆ ಒಂದಾದರೂ ಒಳ್ಳೆ ಮಾತು ಹೇಳು" ಅಂದಳು ಮಗಳು.

ನಾನು ಯೋಚಿಸಿದೆ. "ಮೀನು ಆರಿಸಲಿಕ್ಕೆ ಗೊತ್ತಿತ್ತು" ಅಂದೆ. ಅಷ್ಟೇ ಸಿಕ್ಕಿದ್ದು.

ನನ್ನದು ಮಲ್ಪೆ. ಹನ್ನೆರಡು ವರ್ಷಕ್ಕೆ ತಲೆಯ ಮೇಲೆ ಮೀನಿನ ಬುಟ್ಟಿ ಬಂತು, ಅರವತ್ತಕ್ಕೆ ಇಳಿಯಿತು. ಶಾಲೆ ಮೂರನೇ ಕ್ಲಾಸಿಗೇ ನಿಂತಿತು. ಮೀನಿನ ವಿಷಯದಲ್ಲಿ ನನಗೆ ಪಾಠ ಹೇಳುವವರು ಹುಟ್ಟಿಲ್ಲ ಎಂದು ತಿಳಿದಿದ್ದೆ, ಈಗಲೂ ಹಾಗೆಯೇ ತಿಳಿದಿದ್ದೇನೆ. ಅಂಥವಳು ಒಮಾನಿಗೆ ಹೋಗಿ ಜಪಾನಿನವಳ ಕೈಕೆಳಗೆ ಅಡುಗೆ ಕಲಿಯಲಿಕ್ಕೆ ನಿಂತೆ ಎಂದರೆ ಊರಿನಲ್ಲಿ ನಂಬುವುದಿಲ್ಲ. ನಂಬದಿದ್ದರೆ ಬಿಡಲಿ.

ಮಗಳು ಶಶಿ ಆಗ ಒಮಾನಿನ ಸುವೈಕ್‌ನಲ್ಲಿದ್ದಳು. ಅಳಿಯ ಒಂದು ಟೈಲ್ಸ್ ಕಂಪೆನಿಯ ಸ್ಟೋರ್ ನೋಡಿಕೊಳ್ಳುತ್ತಿದ್ದ. ಇವಳು ಮನೆಯಲ್ಲೇ ಅಡುಗೆ ಮಾಡಿ ನಮ್ಮ ಕಡೆಯ ಬ್ಯಾಚುಲರ್ ಹುಡುಗರಿಗೆ ಊಟದ ಡಬ್ಬಿ ಕಳಿಸುತ್ತಿದ್ದಳು. ನಾನು ವಿಸಿಟ್ ವೀಸಾದಲ್ಲಿ ಹೋಗಿ ಹದಿನೈದು ದಿನ ಆಗಿರಲಿಲ್ಲ, ಕಂಪೆನಿಗೆ ಬೀಗ ಬಿತ್ತು. ಇವರೆಲ್ಲರ ವೀಸಾ ಹಿಡಿದುಕೊಂಡಿದ್ದ ಕಫೀಲ್ ಅಳಿಯನನ್ನು ಕರೆದು, "ಖಲಾಸ್, ಎರಡು ತಿಂಗಳಲ್ಲಿ ಬೇರೆ ನೋಡಿಕೊಳ್ಳಿ" ಎಂದ. ಗಂಡಹೆಂಡತಿಯಲ್ಲಿ ಒಬ್ಬರಿಗಾದರೂ ಕೆಲಸವಾಗಿ ವೀಸಾ ಸಿಗಬೇಕು, ಇಲ್ಲದಿದ್ದರೆ ಗಂಟು ಕಟ್ಟಬೇಕು. ಮೊಮ್ಮಗಳು ಹತ್ತನೇ ಕ್ಲಾಸು. ಪರೀಕ್ಷೆ ಹತ್ತಿರ. ಅವಳಿಗೆ ಕನ್ನಡ ಅಕ್ಷರ ನನಗಿಂತಲೂ ಕಡಿಮೆ ಬರುತ್ತದೆ. ಊರಿಗೆ ತಂದು ಯಾವ ಶಾಲೆಗೆ ಹಾಕುವುದು?

ಆಗ ಖಸಬಿನಿಂದ ಮೂರ್ತಿಯ ಫೋನ್ ಬಂತು. ಮೂರ್ತಿ ಮೈಸೂರಿನ ಬ್ರಾಹ್ಮಣ, ಅಳಿಯನ ಹಳೇ ಸ್ನೇಹಿತ, ಅಲ್ಲಿ ಒಂದು ಹೋಟೆಲಿನ ಆಫೀಸಿನಲ್ಲಿದ್ದ.

"ನಮ್ಮ ಕಿಚನ್ನಿನಲ್ಲಿ ಒಬ್ರು ಜಪಾನಿ ಹೆಂಗಸು ಇದ್ದಾರೆ ಶಶೀ. ಮೀನು ಕುಯ್ಯೋಕೆ ಅವರಿಗೆ ಒಬ್ರು ಬೇಕು. ವೀಸಾ ಹೋಟೆಲ್ಲೇ ಕೊಡುತ್ತೆ. ಆದ್ರೆ ಆಯಮ್ಮ ಅರ್ಜಿಗಿರ್ಜಿ ಏನೂ ನೋಡಲ್ಲ. ಟೂರಿಸ್ಟ್‌ಗಳಿಗೆ ಮೂರು ದಿನದ ಅಡುಗೆ ಕ್ಲಾಸ್ ಮಾಡ್ತಾರಲ್ಲ, ಅದಕ್ಕೆ ಬನ್ನಿ, ಕೈ ನೋಡ್ತೀನಿ ಅಂತಾರೆ. ಇದುವರೆಗೆ ಮೂರು ಜನ ಬಂದ್ರು. ಮೂರು ಜನಾನೂ ಅತ್ಕೊಂಡು ಹೋದ್ರು."

ಆ ಕ್ಲಾಸಿಗೆ ಜೋಡಿಯಾಗಿ ಬರಬೇಕಂತೆ, ಒಂದು ಮೇಜಿಗೆ ಇಬ್ಬರು. ಅಳಿಯ ಬೇರೆ ಕೆಲಸ ಹುಡುಕಿಕೊಂಡು ಆಫೀಸು ಆಫೀಸು ಅಲೆಯುತ್ತಿದ್ದ. ನಾನು ಹೊರಟೆ. ಕೆಲಸ ಸಿಕ್ಕಿದರೂ ಶಶಿಯೊಬ್ಬಳಿಂದ ಆಗುವುದಲ್ಲ, ನನ್ನ ವೀಸಾ ಇರುವಷ್ಟು ದಿನ ಖಸಬಿನಲ್ಲೇ ನಿಂತು, ಪಕ್ಕದಲ್ಲಿದ್ದು ನಡೆಸಿಕೊಡುತ್ತೇನೆ ಎಂದು ಮನಸ್ಸಿನಲ್ಲಿ ಮಾಡಿಕೊಂಡಿದ್ದೆ. ನಲವತ್ತೊಂದು ವರ್ಷದ ಮಗಳು. ಆದರೂ ಹಾಗೆ ಮಾಡಿಕೊಂಡಿದ್ದೆ.

ಶಿನಾಸ್ ಬಂದರಿನಿಂದ ಖಸಬಿಗೆ ಹಡಗು. ಶಶಿ ದಾರಿಯುದ್ದಕ್ಕೂ ವಾಂತಿ ಮಾಡಿದಳು. ಮೀನುಗಾರರ ಹೊಟ್ಟೆಯಲ್ಲಿ ಹುಟ್ಟಿದವಳು!

ಆ ಹೆಂಗಸನ್ನು ಮೊದಲು ನೋಡಿದ್ದು ಹೋಟೆಲಿನ ಹಿಂದಿನ ಬಾಗಿಲಲ್ಲಿ. ಕುಕ್ಕರಗಾಲಿನಲ್ಲಿ ಕೂತು ಸಿಗರೇಟು ಸೇದುತ್ತಿದ್ದಳು. ಕಡ್ಡಿಯಂಥ ಆಳು. ಗಂಡಸರ ಹಾಗೆ ಕತ್ತರಿಸಿದ ಬಿಳಿ ಕೂದಲು. ಅಂಗಿಯ ತೋಳನ್ನು ಒಂದು ಹಗ್ಗದಿಂದ ಬೆನ್ನಿನ ಹಿಂದೆ ಎಳೆದು ಕಟ್ಟಿಕೊಂಡಿದ್ದಳು. ಸೊಂಟದಲ್ಲಿ ಒಂದು ಬಿಳಿ ಬಟ್ಟೆ. ಪ್ರಾಯ ನನ್ನಷ್ಟೇ ಇರಬೇಕು, ಒಂದೆರಡು ಹೆಚ್ಚುಕಡಿಮೆ. ಸುತ್ತ ಏಳೆಂಟು ಬಂದರದ ಬೆಕ್ಕುಗಳು. ನಮ್ಮನ್ನು ನೋಡಿ ಏಳಲಿಲ್ಲ, ನಗಲಿಲ್ಲ. ಶಶಿಯ ಕೈ ಹಿಡಿದು ತಿರುಗಿಸಿ ಉಗುರು ನೋಡಿದಳು. ಆಮೇಲೆ ನನ್ನ ಕೈಯನ್ನೂ ಹಾಗೇ ನೋಡಿದಳು, ದನದ ಹಲ್ಲು ನೋಡಿದ ಹಾಗೆ.

"ಈ ಕೈಗೆ ಬಹಳ ವಯಸ್ಸಾಗಿದೆ" ಅಂದಳು.

"ನಿನ್ನದು ನಿನ್ನೆ ಹುಟ್ಟಿದ್ದಾ?" ಅಂದೆ.

ಅವಳು ಗಲ್ಫಿನ ಅಡುಗೆಕೋಣೆಗಳಲ್ಲಿ ಇಪ್ಪತ್ತು ವರ್ಷ ಕಳೆದವಳು. ಬಂಗಾಳಿ, ಪಾಕಿಸ್ತಾನಿ ಅಡುಗೆಯವರಿಂದ ಕಲಿತ ಮುರುಕು ಹಿಂದಿ, ನಡುವೆ ಅರಬ್ಬಿ. ನನ್ನದು ಮೀನು ಮಾರ್ಕೆಟಿನ ಹಿಂದಿ. ಜಗಳಕ್ಕೆ ಎರಡೂ ಸಾಕಾಗುತ್ತಿತ್ತು. ನನ್ನನ್ನು ಅವಳು "ಮಾಮಾ" ಎಂದು ಕರೆಯುತ್ತಿದ್ದಳು. ಅಲ್ಲಿ ಮನೆಯ ಮುದುಕಿಯರನ್ನು ಹಾಗೆ ಕರೆಯುವುದುಂಟು. ಉಳಿದವರೆಲ್ಲ ಅವಳನ್ನು "ಸೆನ್ಸೇ" ಎನ್ನುತ್ತಿದ್ದರು. ಗುರು ಎಂದು ಅರ್ಥವಂತೆ. ನನ್ನ ಬಾಯಲ್ಲಿ ಅದು ಒಂದು ಸಲವೂ ಬರಲಿಲ್ಲ.

"ಗಂಡ ಎಲ್ಲಿ?" ಎಂದು ಕೇಳಿದೆ. ಹೆಂಗಸರು ಹೆಂಗಸರು ಕೇಳುವುದೇ ಅದಲ್ಲವಾ.

"ಅಡುಗೆಗೆ ಬೇಕಾ?" ಅಂದಳು.

ಅಂಥ ನಾಲಿಗೆ.

ಕ್ಲಾಸಿನಲ್ಲಿ ನಾವಿಬ್ಬರು, ಮತ್ತೊಂದು ಮೇಜಿಗೆ ಜರ್ಮನಿಯ ಗಂಡಹೆಂಡತಿ. ಅವರು ಎಂತಕ್ಕೆ ಬೈದರೂ ನಗುತ್ತಿದ್ದರು. ಅವರಿಗೇನು, ರಜೆ. ಅವಳು ಅವರನ್ನು ಬಯ್ಯುತ್ತಿದ್ದದ್ದೂ ಕಡಿಮೆ. ನಮ್ಮ ಮೇಜಿನ ಮೇಲೆಯೇ ಅವಳ ಕಣ್ಣು. ಹತ್ತಿರ ಬಂದು ನಿಲ್ಲುತ್ತಿರಲಿಲ್ಲ, ದೂರದಿಂದ ಅವರು ಅಡುಗೆಗೆ ಹಿಡಿಯುವ ಎರಡು ಕಡ್ಡಿಗಳನ್ನು ಮೇಜಿಗೆ ಟಕ್ ಎಂದು ಬಡಿಯುತ್ತಿದ್ದಳು. ಯಾರಿಗೆ ಬಡಿದದ್ದು, ಎಂತಕ್ಕೆ ಬಡಿದದ್ದು, ಹೇಳುವುದಿಲ್ಲ. ನಾವೇ ಹುಡುಕಿಕೊಳ್ಳಬೇಕು. ಕೇಳಿದರೆ, "ಕೈ ನೋಡು. ಬಾಯಿ ಬೇಡ."

ಚೆನ್ನಾಗಿದೆ ಎಂಬ ಮಾತು ಅವಳ ಭಾಷೆಯಲ್ಲಿ ಉಂಟೋ ಇಲ್ಲವೋ ನನಗೆ ಗೊತ್ತಿಲ್ಲ. ಸರಿಯಾದದ್ದು ಮೇಜಿನ ಮೇಲೆ ಉಳಿಯುತ್ತಿತ್ತು, ಸರಿಯಾಗದ್ದು ಬೆಕ್ಕುಗಳ ತಟ್ಟೆಗೆ ಹೋಗುತ್ತಿತ್ತು. ಅಷ್ಟೇ ಅವಳ ಮಾರ್ಕು.

ಮೊದಲ ದಿನ ಅನ್ನ. ಅನ್ನಕ್ಕೂ ಒಂದು ಕ್ಲಾಸಾ ಎಂದು ನಾನು ನಕ್ಕಿದ್ದೆ. ಅಕ್ಕಿ ತೊಳೆಸಿದಳು, ತೊಳೆಸಿದಳು, ನೀರು ಕನ್ನಡಿಯಾಗುವವರೆಗೆ ತೊಳೆಸಿದಳು. ಆಮೇಲೆ ಅಳೆದು ನೀರು ಹಾಕಿ, ಮುಚ್ಚಿ, "ಮುಚ್ಚಳ ತೆಗೆಯಬಾರದು" ಅಂದಳು. ಅನ್ನ ಬೆಂದಿದೆಯೋ ಇಲ್ಲವೋ ತೆಗೆದು ಒಂದು ಅಗುಳು ಹಿಚುಕಿ ನೋಡದೆ ಹೇಗೆ ಗೊತ್ತಾಗುವುದು? ನಾನು ತೆಗೆದೆ. ನೀರು ಇನ್ನೂ ನಿಂತಿತ್ತು. ನಮ್ಮಲ್ಲಿ ಕುಚ್ಚಲಕ್ಕಿ ಅನ್ನದ ಗಂಜಿ ಬಸಿಯುತ್ತೇವಲ್ಲ, ಕೈ ತನ್ನಷ್ಟಕ್ಕೇ ಹೋಯಿತು. ಪಾತ್ರೆ ಓರೆ ಮಾಡಿ, ಮುಚ್ಚಳ ಒತ್ತಿ ಹಿಡಿದು, ಗಂಜಿಯನ್ನು ಸಿಂಕಿಗೆ ಬಸಿದೆ.

ಅವಳು ಬಂದು ಪಾತ್ರೆಯೊಳಗೆ ನೋಡಿದಳು. ಬಿಡಿಬಿಡಿಯಾಗಿ, ಅರ್ಧ ಬೆಂದು ನಿಂತ ಅನ್ನ. ಅಂಟಬೇಕಾದ ಅನ್ನವಂತೆ ಅದು. ಶಶಿಯ ಕಡೆಗೆ ತಿರುಗಿ, "ನಿನ್ನ ಪಾತ್ರೆಯಲ್ಲಿ ಇವಳ ಕೈ ಯಾಕೆ ಬಂತು?" ಅಂದಳು. ನನ್ನನ್ನು ಕೇಳಲಿಲ್ಲ. ಶಶಿ ನೆಲ ನೋಡಿದಳು. ಅನ್ನ ಹಿಂದಿನ ಬಾಗಿಲಿಗೆ ಹೋಯಿತು. ಬೆಕ್ಕುಗಳು ಮೂಸಿ ಬಿಟ್ಟವು. ಜರ್ಮನಿಯವರು ನಕ್ಕರು.

ಅವತ್ತೇ ಸಾರಿನ ಗಲಾಟೆ. ಒಂದು ಕಿರುಬಟ್ಟಲಿನಲ್ಲಿ ಕುದಿಯುವ ಸಾರು ಬಗ್ಗಿಸಿ, "ರುಚಿ ನೋಡು" ಎಂದು ನನ್ನ ಎದುರು ಹಿಡಿದಳು.

"ಬೇಯುವಾಗ ಬಾಯಿ ಹಾಕುವ ಪದ್ಧತಿ ನಮ್ಮಲ್ಲಿಲ್ಲ. ಎಂಜಲು."

"ಉಪ್ಪು ಹೇಗೆ ಗೊತ್ತಾಗುತ್ತದೆ?"

"ನನ್ನ ಕೈಗೆ ಗೊತ್ತು."

"ನಿನ್ನ ಕೈಗೆ ಸೊಕ್ಕು" ಅಂದಳು. ಆ ಬಟ್ಟಲನ್ನು ಶಶಿಗೆ ಹಿಡಿದಳು. ಶಶಿ ನನ್ನ ಮುಖ ನೋಡಿದಳು. ಟಕ್ ಎಂದು ಕಡ್ಡಿ ಬಡಿಯಿತು. "ಅವಳ ಮುಖದಲ್ಲಿ ಉಪ್ಪಿಲ್ಲ. ಬಟ್ಟಲಿನಲ್ಲಿ ಉಂಟು."

ಶಶಿ ಕುಡಿದಳು. ನಾನು ಅವತ್ತು ಸಂಜೆ ಮೂರ್ತಿಯ ಎದುರು ಆ ಹೆಂಗಸಿನ ಮೂರು ತಲೆಮಾರನ್ನು ಬೈದೆ.

"ಬಿಡೀಮ್ಮಾ" ಅಂದ ಮೂರ್ತಿ. "ನಾನು ಐದು ವರ್ಷದಿಂದ ನೋಡ್ತಿದ್ದೀನಿ. ಮ್ಯಾನೇಜರ್‌ಗೂ ಹಂಗೇ ಮಾತಾಡ್ತಾರೆ. ಒಂದು ಸಲ ನನ್ನ ಸಾಂಬಾರ್ ನೋಡಿ, ಇದೇನು ಗೋಡೆಗೆ ಬಳಿಯೋದಾ ಅಂದ್ರು."

"ಮತ್ತೆ ನೀವೆಂತ ಹೇಳಿದ್ರಿ?"

"ಏನ್ ಹೇಳ್ಲಿ? ಸ್ವಲ್ಪ ಗಟ್ಟಿಯಾಗಿತ್ತು."

ಎರಡನೇ ದಿನ ಬೆಳಿಗ್ಗೆ ಬಂದರಿಗೆ ಕರೆದುಕೊಂಡು ಹೋದಳು. ನಾನು ಹೇಳಿದ ಆ ಒಂದು ಒಳ್ಳೆ ಮಾತು ಅಲ್ಲಿಯದು. ದೋಣಿ ಬಂದು ಕಲ್ಲಿನ ಕಟ್ಟೆಯ ಮೇಲೆ ಮೀನು ಸುರಿದಿದ್ದರು. ಅಂಜಲ್, ಅಲ್ಲಿಯವರು ಕನದ್ ಎನ್ನುತ್ತಾರೆ. ಇಪ್ಪತ್ತು ಮೂವತ್ತು ಇದ್ದವು. ಅವಳು ಆ ತುದಿಯಿಂದ ಮೀನಿನ ಕಣ್ಣು ಒತ್ತಿ ನೋಡುತ್ತ ಬಂದಳು, ನಾನು ಈ ತುದಿಯಿಂದ ಕಿವಿರು ಎತ್ತಿಕೊಂಡು ಹೋದೆ. ಇಬ್ಬರ ಕೈಯೂ ಒಂದೇ ಮೀನಿನ ಮೇಲೆ ಬಿತ್ತು. ನಾನು ಬಿಡಲಿಲ್ಲ. ಅವಳೂ ಬಿಡಲಿಲ್ಲ. ಮೀನಿನವನು ಅರಬ್ಬಿಯಲ್ಲಿ ಎಂತದೋ ಹೇಳಿ ನಕ್ಕ.

ಕೊನೆಗೆ ಅವಳು ತಲೆಯ ಕಡೆ ಹಿಡಿದುಕೊಂಡು, "ಬಾಲ ನೀನು ಹಿಡಿ" ಅಂದಳು. ಗಾಡಿಯವರೆಗೆ ಹಾಗೆಯೇ ಹೊತ್ತೆವು. ನನ್ನ ಕಡೆಗೆ ಭಾರ ಜಾಸ್ತಿ ಬರುವ ಹಾಗೆ ಅವಳು ಎತ್ತರದಲ್ಲಿ ಹಿಡಿದಿದ್ದಳು. ಅದು ಬೇಕಂತಲೇ ಮಾಡಿದ್ದು.

ನಾನು ಮೀನು ಕೊಯ್ಯುವುದು ಮೆಟ್ಟುಕತ್ತಿಯಲ್ಲಿ. ನೆಲದಲ್ಲಿ ಕೂತು ಮಣೆಯನ್ನು ಕಾಲಿನಿಂದ ಮೆಟ್ಟಿ ಹಿಡಿಯುವುದು. ಕತ್ತಿ ಎದ್ದು ನಿಂತಿರುತ್ತದೆ, ಎರಡು ಕೈಯಲ್ಲಿ ಮೀನು ಹೋಗಿ ಕತ್ತಿಗೆ ತಾಗುತ್ತದೆ. ಶಶಿಗೂ ಹಾಗೆಯೇ ಕಲಿಸಿದ್ದು. ಕಲಿಸಿದ್ದು ಅಂದರೆ, ಅವಳು ಕೊಯ್ಯುತ್ತಿದ್ದಾಗ ಸರಿ ಬಾರದಿದ್ದರೆ ಕೈಯಿಂದ ಕಿತ್ತುಕೊಂಡು ನಾನೇ ಕೊಯ್ದು ತೋರಿಸಿದ್ದು. ನನ್ನ ತಾಯಿ ನನಗೆ ಹಾಗೆಯೇ ಕಲಿಸಿದ್ದಳು.

ಆ ಹೆಂಗಸಿನದು ತಿರುಗಾಮುರುಗಾ. ನಿಂತು ಕೊಯ್ಯಬೇಕು. ಮೀನು ಅಲುಗಬಾರದು, ಕತ್ತಿ ಹೋಗಬೇಕು. ಮೊಳದುದ್ದದ ಕತ್ತಿ, ಒಂದೇ ಬದಿಗೆ ಹರಿತ. ಒಂದು ತುಂಡಿಗೆ ಒಂದೇ ಎಳೆತ. ಗರಗಸದ ಹಾಗೆ ಹಿಂದೆಮುಂದೆ ಆಡಿಸಿದರೆ ಟಕ್. ನನ್ನ ಮೊದಲ ತುಂಡಿಗೇ ಟಕ್, ಎರಡನೆಯದಕ್ಕೂ ಟಕ್. ಮೂರನೆಯದಕ್ಕೆ ಕತ್ತಿಯನ್ನೇ ನನ್ನ ಕೈಯಿಂದ ತೆಗೆದು ಶಶಿಗೆ ಕೊಟ್ಟಳು. ಅರವತ್ತೇಳು ವರ್ಷಕ್ಕೆ ಒಬ್ಬಳು ನನ್ನ ಕೈಯಿಂದ ಮೀನುಕತ್ತಿ ಕಿತ್ತುಕೊಂಡಳು. ಆ ಹೊತ್ತು ನನಗಾದದ್ದನ್ನು ಹೇಳಲಿಕ್ಕೆ ನನಗೆ ಬರುವುದಿಲ್ಲ.

ಶಶಿ ನಿಧಾನಕ್ಕೆ ಹಿಡಿದಳು. ಮೊದಲ ನಾಲ್ಕು ತುಂಡು ಬೆಕ್ಕಿಗೆ. ಐದನೆಯದು ಉಳಿಯಿತು. ಆಮೇಲೆ ಒಂದರ ಹಿಂದೆ ಒಂದು, ಹನ್ನೆರಡು ತುಂಡು ತಟ್ಟೆಯ ಮೇಲೆ ಸಾಲಾಗಿ ಕೂತವು. ಆ ಹೆಂಗಸು ನೋಡಿದಳು, ಸಿಗರೇಟು ಸೇದಲಿಕ್ಕೆ ಹಿಂದಿನ ಬಾಗಿಲಿಗೆ ಹೋದಳು.

ಆಗ ನಾನು ಮಾಡಿದ್ದನ್ನು ಮಲ್ಪೆಯ ಯಾವ ಹೆಂಗಸಾದರೂ ಮಾಡುತ್ತಿದ್ದಳು. ಕೊಯ್ದ ಮೀನು ಎದುರಿಗೆ ಹಸಿಯಾಗಿ ಮಿನುಗುತ್ತಿದೆ. ಅದನ್ನು ಜರ್ಮನಿಯವರು ಹಾಗೆಯೇ ಬಾಯಿಗೆ ಹಾಕುತ್ತಾರೆ. ಹೊಟ್ಟೆ ಕೆಟ್ಟರೆ ಹೆಸರು ಯಾರದು ಹೋಗುವುದು? ಕೊಯ್ದವಳದು. ಕೆಲಸ ಹೋಗುವುದೂ ಅವಳದೇ. ನಾನು ಒಂದು ಪಾತ್ರೆಗೆ ನೀರು ಹಿಡಿದು ಹಿಡಿ ಉಪ್ಪು ಹಾಕಿದೆ.

"ಅಮ್ಮ..." ಅಂದಳು ಶಶಿ.

"ಸುಮ್ಮನಿರು. ನಿನಗೆ ಗೊತ್ತಾಗುವುದಿಲ್ಲ."

ಹನ್ನೆರಡನ್ನೂ ಪಾತ್ರೆಗೆ ಹಾಕಿ ಉಪ್ಪಿನಲ್ಲಿ ಉಜ್ಜಿದೆ. ಒಂದು ನೀರು ಚೆಲ್ಲಿದೆ. ಎರಡು ನೀರು ಚೆಲ್ಲಿದೆ. ಮೂರನೆಯ ನೀರಿಗೆ ನಿಂಬೆಹುಳಿ ಹಿಂಡಿದೆ, ವಾಸನೆ ಹೋಗಲಿ ಎಂದು. ಶಶಿ ಕತ್ತಿ ಹಿಡಿದುಕೊಂಡು ನೋಡುತ್ತ ನಿಂತಿದ್ದಳು. ಮತ್ತೆ ತಟ್ಟೆಯಲ್ಲಿಟ್ಟೆ. ಮೀನು ಬೆಂದ ಹಾಗೆ ಬಿಳಿಚಿಕೊಂಡು, ಅಂಚು ಎದ್ದು, ನೀರು ಬಿಡುತ್ತಿತ್ತು.

ಅವಳು ಒಳಗೆ ಬಂದು ತಟ್ಟೆ ನೋಡಿದಳು. ಮೂಗಿನ ಹತ್ತಿರ ಹಿಡಿದಳು. ಇಳಿಸಿದಳು.

"ಖಲಾಸ್" ಅಂದಳು ಶಶಿಗೆ. "ನಾಳೆ ಬರಬೇಡ."

ಶಶಿ ನನ್ನ ಹೆಸರು ಹೇಳಬಹುದಿತ್ತು. ಹೇಳಲಿಲ್ಲ. ನಾನೇ ಮುಂದೆ ಹೋಗಿ ನಿಂತೆ. "ತೊಳೆದದ್ದು ನಾನು. ಬೈಯುವುದಿದ್ದರೆ ನನಗೆ ಬೈ. ಅವಳದೇನೂ ತಪ್ಪಿಲ್ಲ."

"ಗೊತ್ತು ನೀನೇ ಅಂತ" ಅಂದಳು. "ಇನ್ಯಾರು ತೊಳೆಯುತ್ತಾರೆ? ನಿನ್ನದು ತಪ್ಪಲ್ಲ. ನಿನಗೆ ಅಷ್ಟೇ ಗೊತ್ತಿರುವುದು. ತಪ್ಪು ಇವಳದು. ಕತ್ತಿ ಇವಳ ಕೈಯಲ್ಲಿತ್ತು. ಮೀನು ಇವಳದು. ನೋಡುತ್ತ ನಿಂತಳು. ನಿನಗೆ ಬೇಡ ಅನ್ನಲಿಲ್ಲ."

"ತಾಯಿಗೆ ಬೇಡ ಅನ್ನುವ ಮಕ್ಕಳು ನಮ್ಮಲ್ಲಿಲ್ಲ."

"ಹಾಗಾದರೆ ನನ್ನ ಅಡುಗೆಕೋಣೆಯಲ್ಲಿ ನಿಮ್ಮವರೂ ಇಲ್ಲ."

ತಟ್ಟೆ ಹಿಂದಿನ ಬಾಗಿಲಿಗೆ ಹೋಯಿತು. ನಿಂಬೆಯ ಹುಳಿಗೆ ಬೆಕ್ಕುಗಳೂ ಬಾಯಿ ಹಾಕಲಿಲ್ಲ.

ಮೂರ್ತಿ ಅವತ್ತು ಸಂಜೆ ಹೋಗಿ ಅವಳ ಹತ್ತಿರ ಮಾತಾಡಿದ. ಕಾಲು ಹಿಡಿಯುವುದೊಂದು ಬಾಕಿ ಎಂದು ತಾನೇ ಹೇಳಿದ. ಬಂದು ಬೆವರು ಒರೆಸಿಕೊಂಡು, "ನಾಳೆ ಬರಬಹುದಂತೆ" ಅಂದ. "ನಾಳೆ ಮಧ್ಯಾಹ್ನ ಹನ್ನೆರಡು ಜನ ಗೆಸ್ಟು. ಶಶಿ ಕುಯ್ಯಬೇಕಂತೆ. ಆದ್ರೆ ಒಂದು ಕಂಡೀಷನ್."

"ನಾನು ಬರಬಾರದು, ಅಷ್ಟೇ ಅಲ್ಲವಾ?" ಅಂದೆ. "ಬರುವುದಿಲ್ಲ ಎಂದು ಹೇಳಿ ಅವಳಿಗೆ."

"ಅಲ್ಲಮ್ಮಾ. ನೀವು ಬರಲೇಬೇಕಂತೆ. ಅದೇ ಮೇಜಿನ ಹತ್ತಿರ, ಮಗಳ ಪಕ್ಕದಲ್ಲೇ ನಿಲ್ಲಬೇಕಂತೆ. ನೀವು ಬರದಿದ್ರೆ ಅವಳೂ ಬೇಡವಂತೆ."

ಆ ಹೆಂಗಸಿನ ಬುದ್ಧಿ ಎಂಥದ್ದೆಂದು ನನಗೆ ಆಗಲೇ ಅರ್ಥವಾಯಿತು. ಶಶಿಗೆ ಅರ್ಥವಾಗಲಿಲ್ಲ. "ಪಾಪ, ಒಳ್ಳೆಯವರೇ ಅಮ್ಮ, ನಿನ್ನನ್ನೂ ಕರೆದಿದ್ದಾರೆ" ಅಂದಳು.

ಮೂರನೇ ದಿನ ನನ್ನ ಕೆಲಸ ಒದ್ದೆಬಟ್ಟೆ ಹಿಡಿದುಕೊಳ್ಳುವುದು. ತುಂಡು ತುಂಡಿಗೂ ಕತ್ತಿ ಒರೆಸಿ ಮಗಳ ಕೈಗೆ ಕೊಡುವುದು. ಆ ಹೆಂಗಸು ಕೋಣೆಯ ಆ ತುದಿಯಲ್ಲಿ ನಮಗೆ ಬೆನ್ನು ಹಾಕಿ ಮೂಲಂಗಿಯನ್ನು ನೂಲಿನ ಹಾಗೆ ಹೆಚ್ಚುತ್ತಿದ್ದಳು. ಕಡ್ಡಿ ಹತ್ತಿರ ಇಟ್ಟುಕೊಂಡಿರಲಿಲ್ಲ. ಅವತ್ತು ಟಕ್ ಎನ್ನುವವರೇ ಇಲ್ಲ. ಅವಳ ಕತ್ತಿಯ ಸದ್ದು ಮಾತ್ರ, ಟಿಕಟಿಕ ಟಿಕಟಿಕ, ಗಡಿಯಾರದ ಹಾಗೆ.

ಹೊಟ್ಟೆಯ ಕಡೆಯದನ್ನು ಶಶಿ ಚೆನ್ನಾಗಿಯೇ ಕೊಯ್ದಳು. ನಾನು ಕತ್ತಿ ಒರೆಸಿ ಒರೆಸಿ ಕೊಟ್ಟೆ. ಆಮೇಲೆ ಬಾಲದ ಕಡೆಗೆ ಬಂದಳು. ಅಲ್ಲಿ ಮಾಂಸ ಸಣ್ಣದಾಗುತ್ತ ಬರುತ್ತದೆ, ಕೊಯ್ಯುವವರು ಓರೆ ಬದಲಿಸಬೇಕು. ಅವಳು ಬದಲಿಸಲಿಲ್ಲ. ಒಂದು ತುಂಡು ದಪ್ಪವಾಯಿತು. ಇನ್ನೊಂದು ಅದಕ್ಕಿಂತ ದಪ್ಪ. ಹೊರಗೆ ಹನ್ನೆರಡು ಜನ ಕೂತಿದ್ದಾರೆ. ವೀಸಾಕ್ಕೆ ಉಳಿದದ್ದು ಒಂದು ತಿಂಗಳು ಚಿಲ್ಲರೆ. ನಾನು ಬೇಕಂತ ಮಾಡಿದ್ದಲ್ಲ. ನನ್ನ ಕೈ ಹೋಗಿ ಮೀನಿನ ಮೇಲೆ ಕೂತಿತು, ಓರೆ ಸರಿಮಾಡಲಿಕ್ಕೆ.

ಶಶಿ ಕತ್ತಿಯ ಚಪ್ಪಟೆ ಬದಿಯನ್ನು ನನ್ನ ಮಣಿಕಟ್ಟಿನ ಮೇಲೆ ಇಟ್ಟಳು. ತಣ್ಣಗಿತ್ತು.

"ಅಮ್ಮ, ಕೈ ತೆಗಿ."

ನಾನು ಅವಳ ಮುಖ ನೋಡಿದೆ. ಅವಳು ನನ್ನ ಮುಖ ನೋಡಲಿಲ್ಲ. ಮೀನು ನೋಡುತ್ತಿದ್ದಳು.

"ತೆಗಿ ಅಂದೆನಲ್ಲ. ಆಚೆ ನಿಂತುಕೊ."

ಜರ್ಮನಿಯವರಿಗೂ ಅರ್ಥವಾಯಿತು, ನಗು ನಿಂತಿತು. ಆ ತುದಿಯಲ್ಲಿ ಟಿಕಟಿಕವೂ ನಿಂತಿತು. ಆ ಹೆಂಗಸು ತಿರುಗಿ ನೋಡಲಿಲ್ಲ. ಒಂದು ಉಸಿರು ತೆಗೆದು ಬಿಡುವಷ್ಟು ಹೊತ್ತು. ಆಮೇಲೆ ಮತ್ತೆ ಟಿಕಟಿಕ.

ನಾನು ಒದ್ದೆಬಟ್ಟೆ ಮೇಜಿನ ಮೇಲೆ ಹಾಕಿ ಆಚೆ ನಿಂತೆ. ಶಶಿ ಕತ್ತಿಯನ್ನು ತಾನೇ ಒರೆಸಿಕೊಂಡಳು. ದಪ್ಪದ ಎರಡು ತುಂಡನ್ನು ಯಾರೂ ಹೇಳದೆ ತಾನೇ ತೆಗೆದು ಬೆಕ್ಕಿನ ತಟ್ಟೆಗೆ ಹಾಕಿದಳು. ಮೀನನ್ನು ಚೂರು ತಿರುಗಿಸಿದಳು. ಓರೆ ಬದಲಿಸಿದಳು. ನಾನು ಬದಲಿಸುತ್ತಿದ್ದ ಹಾಗೆ ಅಲ್ಲ, ಬೇರೆ ಥರ. ಉಳಿದ ತುಂಡುಗಳೆಲ್ಲ ಮೇಜಿನ ಮೇಲೆಯೇ ಉಳಿದವು.

ಹನ್ನೆರಡು ಜನ ತಿಂದರು. ಯಾರ ಹೊಟ್ಟೆಯೂ ಕೆಡಲಿಲ್ಲ.

ಎಲ್ಲ ಮುಗಿದ ಮೇಲೆ ಆ ಹೆಂಗಸು ಶಶಿಯ ಹತ್ತಿರ ಬಂದಳು. "ನಾಳೆ ಎಂಟು ಗಂಟೆ" ಅಂದಳು. ಕೆಲಸ ಕೊಟ್ಟದ್ದು ಹಾಗೆ. ಶಾಬಾಸ್ ಇಲ್ಲ, ನಗು ಇಲ್ಲ, ಕೈ ಕುಲುಕಲಿಲ್ಲ. ಸೊಂಟದ ಬಟ್ಟೆ ಬಿಚ್ಚಿ ಸಿಗರೇಟಿಗೆ ಹೋದಳು.

ನಾನೂ ಹಿಂದೆಯೇ ಹೋದೆ. ಬಿಡುತ್ತೇನಾ? ಬೆಕ್ಕುಗಳ ನಡುವೆ ಕುಕ್ಕರಗಾಲಿನಲ್ಲಿ ಕೂತು, ಒಂದು ಡಬ್ಬಿಯಿಂದ ತಣ್ಣನ್ನ ತಿನ್ನುತ್ತಿದ್ದಳು. ಅವಳು ಕ್ಲಾಸಿನ ಅಡುಗೆ ಉಣ್ಣುವುದನ್ನು ನಾನು ಒಂದು ದಿನವೂ ನೋಡಲಿಲ್ಲ. ಅನ್ನ, ಅದರ ಮೇಲೆ ಎಂತದೋ ಕೆಂಪು ಉಪ್ಪಿನಕಾಯಿ, ಮೂರು ದಿನವೂ ಅಷ್ಟೇ.

"ನನ್ನ ಮಗಳನ್ನು ನನ್ನ ಮೇಲೆ ಎತ್ತಿಕಟ್ಟಿದೆ" ಅಂದೆ. "ನಾಲ್ಕು ಜನರ ಎದುರು ಹೆತ್ತ ತಾಯಿಗೆ ಕತ್ತಿ ತೋರಿಸುವ ಹಾಗೆ ಮಾಡಿದೆ. ಅದಕ್ಕಾಗಿಯೇ ಅಲ್ಲವಾ ನನ್ನನ್ನು ಕರೆಸಿದ್ದು?"

"ಹೌದು" ಅಂದಳು, ಅಗಿಯುತ್ತ. "ನಿನ್ನೆಯೇ ಹೇಳಬೇಕಿತ್ತು ಅವಳು. ಒಂದು ದಿನ ತಡ."

"ನಿನಗೆ ಮಕ್ಕಳಿದ್ದಾರಾ? ಇದ್ದಿದ್ದರೆ ಗೊತ್ತಾಗುತ್ತಿತ್ತು."

"ಒಬ್ಬಳು ಮಗಳು."

"ಎಲ್ಲಿದ್ದಾಳೆ?"

"ನನ್ನ ಊರಿನಲ್ಲಿ. ಅವಳು ಅಡುಗೆ ಮಾಡುವುದಿಲ್ಲ."

ಡಬ್ಬಿಯ ಮೂಲೆಯಲ್ಲಿದ್ದ ನಾಲ್ಕು ಅಗುಳನ್ನೂ ಕಡ್ಡಿಯಿಂದ ಹೆಕ್ಕಿ ತಿಂದಳು. ಮುಚ್ಚಳ ಹಾಕಿದಳು. ಯಾಕೆ ಮಾಡುವುದಿಲ್ಲ ಎಂದು ನಾನು ಕೇಳಲಿಲ್ಲ. ಅವಳು ಹೇಳಲೂ ಇಲ್ಲ. ಮರುಕವೂ ಬರಲಿಲ್ಲ ನನಗೆ. ತನ್ನ ಮನೆಯಲ್ಲಿ ಆಗದ್ದನ್ನು ನನ್ನ ಮಗಳ ಮೇಲೆ, ನನ್ನ ಮಣಿಕಟ್ಟಿನ ಮೇಲೆ ಮಾಡಿ ನೋಡುವ ಹಕ್ಕು ಅವಳಿಗೆ ಯಾರು ಕೊಟ್ಟದ್ದು? ಅದನ್ನು ಹಿಂದಿಯಲ್ಲಿ ಹೇಳಲಿಕ್ಕೆ ಬರಲಿಲ್ಲ. ತುಳುವಿನಲ್ಲಿ ಹೇಳಿ ಬಂದೆ. ಅವಳಿಗೆ ಅರ್ಥವಾಗಿರಬೇಕು, ಹೊಗೆ ಬಿಡುತ್ತ ತಲೆಯಾಡಿಸಿದಳು.

ಶಶಿ ಈಗ ಆ ಅಡುಗೆಕೋಣೆಯ ದೊಡ್ಡವಳು. ಅಳಿಯನಿಗೂ ಖಸಬಿನಲ್ಲೇ ಕೆಲಸ ಸಿಕ್ಕಿತು. ಮೊಮ್ಮಗಳ ಹತ್ತನೇ ಕ್ಲಾಸು ಒಮಾನಿನಲ್ಲೇ ಆಯಿತು, ಮುಂದಿನದೂ ಆಯಿತು. ಆ ಹೆಂಗಸಿಗೆ ಕೊನೆಯ ಎರಡು ವರ್ಷ ಕೈ ನಡುಗುತ್ತಿತ್ತಂತೆ. ಆಗ ಒಂದು ದಿನ ಕತ್ತಿ ಎತ್ತಿದವಳಿಗೆ ಶಶಿಯೇ "ಸೆನ್ಸೇ, ಬೇಡ. ಆಚೆ ಕೂತುಕೊಳ್ಳಿ" ಅಂದಳಂತೆ. ಅವಳು ಕತ್ತಿ ಕೆಳಗಿಟ್ಟು ಹೋಗಿ ಕೂತಳಂತೆ. ಫೋನಿನಲ್ಲಿ ಅದನ್ನು ಹೇಳುವಾಗಲೇ ಶಶಿ ಅತ್ತದ್ದು. ನನಗೆ ಅದೇ ಮಾತು ಹೇಳಿದ್ದಕ್ಕೆ ಇವಳು ಅವತ್ತೂ ಅತ್ತಿರಲಿಲ್ಲ, ಈಗಲೂ ಅತ್ತಿಲ್ಲ. ಇದನ್ನು ನಾನು ಮರೆತಿಲ್ಲ.

ಆ ಮೂರನೇ ದಿನ ಸಂಜೆ ಮೂರ್ತಿ ಕೊಡಿಸಿದ್ದ ಕೋಣೆಯಲ್ಲಿ ಶಶಿ ನನ್ನ ಎದುರು ಬಂದು ಕೂತಳು.

"ಅಮ್ಮ, ಸಿಟ್ಟಾ?"

"ಸಿಟ್ಟಲ್ಲದೆ ಮತ್ತೆಂತ, ಸಂತೋಷವಾ?"

"ಬಾಯಿಂದ ಬಂದುಬಿಟ್ಟಿತು."

"ಬಾಯಿಂದ ಬಂದದ್ದಲ್ಲ ಅದು. ಎರಡು ಸಲ ಹೇಳಿದಿ."

ಅವಳು ನನ್ನ ಹಾಸಿಗೆ ಬಿಡಿಸಿದಳು. ಆಮೇಲೆ, "ನಾಳೆಯಿಂದ ನೀನೂ ಬಾ. ತರಕಾರಿ ತೊಳೆಯುವಲ್ಲಿ ನಿಲ್ಲಬಹುದು ಎಂದು ಮೂರ್ತಿ ಹೇಳಿದರು. ನೀನು ಹತ್ತಿರ ಇದ್ದರೆ ನನಗೆ ಧೈರ್ಯ" ಅಂದಳು. ನಾನು ಗೋಡೆಯ ಕಡೆಗೆ ತಿರುಗಿ ಮಲಗಿದೆ.

ಮರುದಿನ ಬೆಳಿಗ್ಗೆ ಶಶಿ ಏಳುವ ಮೊದಲೇ ನಾನು ಸೀರೆ ಉಟ್ಟು, ಚೀಲ ಕಟ್ಟಿ, ಮೂರ್ತಿಗೆ ಫೋನ್ ಮಾಡಿ ಗಾಡಿ ತರಿಸಿದೆ. "ಮಗಳಿಗೆ ಒಂದು ಮಾತು ಹೇಳಿ ಹೋಗಿ ಅಮ್ಮಾ, ಗಾಬರಿಯಾಗ್ತಾಳೆ" ಎಂದ ಅವನು, ನಿದ್ದೆಗಣ್ಣಿನಲ್ಲಿ. "ಹೇಳಿದರೆ ಹೋಗಬೇಡ ಅನ್ನುತ್ತಾಳೆ, ಮಾರಾಯ್ರೆ. ಬೇಡ ಅನ್ನಲಿಕ್ಕೆ ಈಗ ಕಲಿತಿದ್ದಾಳಲ್ಲ" ಅಂದೆ. ಎಂಟು ಗಂಟೆಗೆ ಅವಳು ಆ ಬಾಗಿಲೊಳಗೆ ಒಬ್ಬಳೇ ಹೋಗಬೇಕಿತ್ತು. ನಾನು ಶಿನಾಸ್‌ನ ಹಡಗು ಹತ್ತಿದೆ.